ಕಣಕ ಅಂಗಡಿಯದು, ಹೂರಣ ಮನೆಯದು

ಮೈಸೂರಿನಿಂದ ನೀಲಗಿರಿಗೆ ಹೋಗುವ ಹೆದ್ದಾರಿಯಲ್ಲಿ ಗುಂಡ್ಲುಪೇಟೆಯನ್ನು ದಾಟಿ ಕೆಲವೇ ಮೈಲಿ ಮುಂದುವರಿದರೆ ಹಂಗಳವೆಂಬ ಊರು ಸಿಕ್ಕುವುದು. ಹಿಮವದ್ ಗೋಪಾಲಸ್ವಾಮಿ ಬೆಟ್ಟಕ್ಕೆ ಹೋಗುವ ಯಾತ್ರಿಕರು ಹೆದ್ದಾರಿಯನ್ನು ಬಿಟ್ಟು ತಿರುಗುವುದು ಇಲ್ಲಿಯೇ. ಹೋಬಳಿಯ ಮುಖ್ಯ ಸ್ಥಳವಾದ ಈ ಊರಿನ ಸೋದರಿಯೊಬ್ಬರು ನಮಗೆ ಒಂದು ಕಾಗದವನ್ನು ಬರೆದಿರುವರು. ಅವರ ಪ್ರಶ್ನೆಯು ಅನೇಕ ಗೃಹಿಣಿಯರ ಪ್ರಶ್ನೆಯೂ ಆಗಿರಬಹುದಾದ್ದರಿಂದ ಈ ತಿಂಗಳ ನಮ್ಮ ಪುಟಗಳನ್ನು ಅದಕ್ಕೇ ಮೀಸಲಿಟ್ಟಿದ್ದೇವೆ.

ಕಾಗದದ ಸಾರಾಂಶವಿಷ್ಟು: ಮಗಳ ಶಾಲೆಯ ಗೆಳತಿಯರು ಮನೆಗೆ ಬರುವವರಿದ್ದರು. ಬೇಕರಿಗಳಲ್ಲಿ ದೊರೆಯುವಂತಹ ಪಲ್ಯದ ಪಫ್‌ಗಳನ್ನು ತಾವೇ ಮಾಡಿ ಬಡಿಸಬೇಕೆಂದು ಆ ತಾಯಿಯ ಆಸೆ. ಮೈಸೂರಿಗೆ ಹೋಗಿದ್ದಾಗ, ಹಿಮಗಟ್ಟಿಸಿ ಮಾರುವ ಪಫ್ ಹಾಳೆಗಳ ಪೊಟ್ಟಣವೊಂದನ್ನು ಕೊಂಡು ಬಸ್ಸಿನಲ್ಲಿ ಊರಿಗೆ ತಂದರು. ಒಲೆಯಿಂದ ಇಳಿಸಿದ ಪಲ್ಯವನ್ನು ತುಂಬಿ, ಮಡಿಸಿ, ಓವನ್ನಿನಲ್ಲಿಟ್ಟರು. ಹಾಳೆಗಳು ಉಬ್ಬಲಿಲ್ಲ, ತಟ್ಟೆಯ ತುಂಬ ಜಿಡ್ಡು ಹರಿಯಿತು, ತಳ ಹಸಿಯಾಗಿಯೂ ಮೇಲ್ಭಾಗ ಹಲಗೆಯಂತೆಯೂ ಆಯಿತು. ಕೊಂಡು ತಂದ ಕಣಕದ ಹಣೆಬರಹವೇ ಇಷ್ಟೆಂದು ಮನೆಯ ಹಿರಿಯರು ಆಡಿದರಂತೆ. ಸೋದರಿಯು ಕೇಳುವುದು ಎರಡು ಮಾತು: ತಪ್ಪಿದ್ದು ಎಲ್ಲಿ? ಸಿದ್ಧ ಕಣಕವನ್ನು ಮನೆಗೆ ತರುವುದೇ ತಪ್ಪೆ?

ಎರಡನೆಯ ಪ್ರಶ್ನೆಗೆ ಮೊದಲು ಉತ್ತರ ಹೇಳುತ್ತೇವೆ. ಏಕೆಂದರೆ ಮನಸ್ಸಿಗೆ ನಾಟಿರುವುದು ಅದೇ.

ಹಿಟ್ಟಿನ ಹೊದಿಕೆಯೊಳಗೆ ರುಚಿಯನ್ನು ಅಡಗಿಸಿ ಬೇಯಿಸುವ ವಿದ್ಯೆಯು ನಮ್ಮ ನಾಡಿಗೆ ಹೊಸದಲ್ಲ. ಕಡುಬು, ಕರ್ಜಿಕಾಯಿ, ಹೋಳಿಗೆಗಳೆಲ್ಲವೂ ಈ ಒಂದೇ ವಂಶಕ್ಕೆ ಸೇರಿದವು. ಹದಿನಾರನೆಯ ಶತಮಾನದ ಆದಿಯಲ್ಲಿ ಮೂರನೆಯ ಮಂಗರಸನು ಬರೆದ ಸೂಪಶಾಸ್ತ್ರವು ಹಿಟ್ಟಿನ ತಿಂಡಿಗಳನ್ನು ವಿವರಿಸುವ ಪಿಷ್ಟಪಾಕದಿಂದಲೇ ಆರಂಭವಾಗುವುದು. ಹೊರಗಿನ ಹೊದಿಕೆಗೆ ಕಣಕವೆಂದೂ ಒಳಗಿನ ತಿರುಳಿಗೆ ಹೂರಣವೆಂದೂ ನಮ್ಮ ಅಜ್ಜಿಯರು ಹೆಸರಿಟ್ಟಿದ್ದರು. ಬೇಕರಿಯ ಪಫ್ ಕೂಡ ಕಣಕ ಹೂರಣಗಳ ಕೂಟವೇ ಹೊರತು ಬೇರೆಯಲ್ಲ. ೧೮೯೮ರಲ್ಲಿ ಬೆಂಗಳೂರಿನ ಚಿಕ್ಕಪೇಟೆಯಲ್ಲಿ ಎಚ್. ಎಸ್. ತಿರುಮಲಾಚಾರ್ಯರು ಬೆಂಗಳೂರು ಬ್ರದರ್ಸ್ ಬೇಕರಿಯನ್ನು ತೆರೆದರು. ಆ ಬಳಿಕ ಹಾಸನದ ಕಡೆಯ ಅಯ್ಯಂಗಾರರ ಬೇಕರಿಗಳು ನಾಡಿನ ಊರೂರುಗಳಲ್ಲಿ ಬೆಳೆದವು. ಮೊಟ್ಟೆ ಮುಟ್ಟದ ಮನೆಗಳವರೂ ಅಂಜದೆ ಕೊಳ್ಳಬಹುದಾದ ಪಲ್ಯದ ಪಫ್ ಅಲ್ಲಿ ಮನೆಮಾತಾಯಿತು. ಪರದೇಶದ ಕಣಕಕ್ಕೆ ನಮ್ಮ ಒಗ್ಗರಣೆಯ ಹೂರಣ ಸೇರಿ ಅದು ನಮ್ಮದೇ ಆಯಿತು.

ಇನ್ನು ಶ್ರಮದ ಮಾತು. ಬೀಸುವ ಕಲ್ಲು ಮನೆಮನೆಯಲ್ಲಿ ತಿರುಗುತ್ತಿದ್ದ ಕಾಲದಲ್ಲಿ ಊರಿಗೆ ಹಿಟ್ಟಿನ ಗಿರಣಿ ಬಂದಾಗ, ಗಿರಣಿಯ ಹಿಟ್ಟಿಗೆ ರುಚಿಯಿಲ್ಲವೆಂದವರು ಇದ್ದರು. ಒರಳುಕಲ್ಲು ಮೂಲೆಗೆ ಸರಿದು ವಿದ್ಯುತ್ತಿನ ಗ್ರೈಂಡರು ಬಂದಾಗಲೂ ಅದೇ ಮಾತು. ಮುಂದೆ ರುಬ್ಬಿದ ಹಿಟ್ಟೇ ಪೊಟ್ಟಣದಲ್ಲಿ ಬಂದಿತು. ಹಂಗಳದ ಕಾಡಿನಾಚೆಯ ವಯನಾಡಿನವರಾದ ಪಿ. ಸಿ. ಮುಸ್ತಫಾ ಎಂಬವರು ತಮ್ಮ ಬಂಧುಗಳೊಡನೆ ೨೦೦೫ರಲ್ಲಿ ಬೆಂಗಳೂರಿನಲ್ಲಿ ಇಡ್ಲಿ ದೋಸೆಯ ಹಿಟ್ಟನ್ನು ಮಾರತೊಡಗಿದರು. ಐಡಿ ಎಂಬ ಹೆಸರಿನ ಆ ಹಿಟ್ಟು ಇಂದು ಎಷ್ಟೋ ನಗರಗಳ ಮನೆಗಳನ್ನು ತಲುಪಿದೆ. ಈ ಒಂದೊಂದು ಹೆಜ್ಜೆಯಲ್ಲಿಯೂ ಹೆಂಗಸಿನ ತೋಳಿನ ನೋವು ಒಂದಿಷ್ಟು ಕಡಮೆಯಾಯಿತೇ ಹೊರತು ಮನೆಯ ಮರ್ಯಾದೆಯೇನೂ ಕಡಮೆಯಾಗಲಿಲ್ಲ. ಬೀಸುವಾಗ ಹುಟ್ಟಿದ ಪದಗಳು ಇಂಪಾಗಿದ್ದುವು, ನಿಜ. ಆದರೆ ಕೋಳಿ ಕೂಗುವ ಮೊದಲೇ ಎದ್ದು ಬೀಸಿದವರ ಮೈನೋವು ಆ ಪದಗಳನ್ನು ಕೇಳುವವರಿಗೆ ಕಾಣುವುದಿಲ್ಲ.

ಆದುದರಿಂದ ಸಿದ್ಧ ಕಣಕವನ್ನು ತರುವುದು ತಪ್ಪಲ್ಲ, ಸೋಮಾರಿತನವೂ ಅಲ್ಲ. ಆದರೆ ಒಂದು ಮಾತನ್ನು ನೆನಪಿನಲ್ಲಿಡತಕ್ಕದ್ದು. ಅಂಗಡಿಯವನು ನಮ್ಮಿಂದ ಶ್ರಮವನ್ನು ತೆಗೆದುಕೊಳ್ಳುವನು, ಹೊಣೆಯನ್ನು ತೆಗೆದುಕೊಳ್ಳುವುದಿಲ್ಲ. ಕಣಕದಲ್ಲಿ ಏನಿದೆ, ಅದು ಹೇಗೆ ಉಬ್ಬುವುದು, ಯಾವ ಹೂರಣವನ್ನು ತಾಳುವುದು, ಮಕ್ಕಳ ಹೊಟ್ಟೆಗೆ ಎಷ್ಟು ಹಿತವೆಂಬ ವಿಚಾರವೆಲ್ಲವೂ ಕೊಂಡವರ ಪಾಲಿಗೇ ಉಳಿಯುವುದು. ಈ ವಿಚಾರವನ್ನು ಪೊಟ್ಟಣದೊಡನೆ ಕೊಳ್ಳಲಾಗದು. ಸೋದರಿಯ ಮೊದಲನೆಯ ಪ್ರಶ್ನೆಗೆ ಉತ್ತರವಿರುವುದೂ ಇಲ್ಲಿಯೇ.

ಹಾಳೆಯ ಒಳಗುಟ್ಟು

ಪಫ್ ಹಾಳೆಯು ಹೊರನೋಟಕ್ಕೆ ಒಂದೇ ಹಾಳೆಯಾಗಿ ಕಂಡರೂ ನಿಜವಾಗಿ ನೂರಾರು ಎಳೆಗಳ ಹೊತ್ತಗೆ. ಮೈದಾಹಿಟ್ಟು, ಉಪ್ಪು, ನೀರು ಸೇರಿಸಿ ಕಲಸಿದ ಕಣಕದೊಳಗೆ ಗಟ್ಟಿಯಾದ ಬೆಣ್ಣೆಯನ್ನೋ ಬೇರೆ ಕೊಬ್ಬನ್ನೋ ಇಟ್ಟು ಮುಚ್ಚಿ, ಲಟ್ಟಿಸಿ, ಮೂರು ಮಡಿಕೆಯಾಗಿ ಮಡಿಸುವರು. ತಣ್ಣಗಿಟ್ಟು ಮತ್ತೆ ಲಟ್ಟಿಸಿ ಮತ್ತೆ ಮೂರಾಗಿ ಮಡಿಸುವರು. ಹೀಗೆ ಆರು ಬಾರಿ ಮಾಡಿದರೆ ಕೊಬ್ಬಿನ ಎಳೆಗಳು ಮೂರು, ಒಂಬತ್ತು, ಇಪ್ಪತ್ತೇಳೆಂದು ಏರುತ್ತ ೭೨೯ ಆಗುವುವು. ಎರಡೆರಡು ಕಣಕದ ಎಳೆಗಳ ನಡುವೆ ಒಂದೊಂದು ಕೊಬ್ಬಿನ ಎಳೆ. ಇದನ್ನು ಮನೆಯಲ್ಲಿ ಮಾಡಹೊರಟರೆ ಅರ್ಧ ದಿನವೇ ಬೇಕು. ನಮ್ಮ ಬೇಸಗೆಯಲ್ಲಂತೂ ಬೆಣ್ಣೆ ಕೈಯಲ್ಲಿಯೇ ಕರಗುವುದು. ಈ ಶ್ರಮವನ್ನೇ ನಾವು ಹಣ ಕೊಟ್ಟು ತಪ್ಪಿಸಿಕೊಳ್ಳುವುದು.

ಹಾಳೆ ಉಬ್ಬುವುದಕ್ಕೆ ಸೋಡವಾಗಲಿ ಹುಳಿಬರಿಸುವ ಈಸ್ಟ್ ಆಗಲಿ ಕಾರಣವಲ್ಲ. ನೀರಿನ ಆವಿಯೇ ಕಾರಣ. ಕುದಿದು ಆವಿಯಾದ ನೀರು ತನ್ನ ಮೊದಲ ಗಾತ್ರದ ಸಾವಿರದ ಆರುನೂರು ಪಾಲಿಗೂ ಮೇಲೆ ಹಿಗ್ಗುವುದು. ಬಲವಾದ ಕಾವು ತಟ್ಟಿದ ಕೂಡಲೆ ಕಣಕದೊಳಗಿನ ನೀರು ಆವಿಯಾಗಿ ಎಳೆಗಳನ್ನು ಮೇಲಕ್ಕೆತ್ತುವುದು. ನಡುವಿನ ಕೊಬ್ಬು ಆ ಎಳೆಗಳು ಒಂದಕ್ಕೊಂದು ಅಂಟದಂತೆ ಕಾಯುವುದು. ಅಷ್ಟರಲ್ಲಿ ಕಣಕ ಬೆಂದು ಗಟ್ಟಿಯಾಗಿ ಉಬ್ಬಿದ ಆಕಾರದಲ್ಲಿಯೇ ನಿಲ್ಲುವುದು. ಇದು ನಡೆಯಬೇಕಾದರೆ ಹಾಳೆ ಓವನ್ನಿಗೆ ಹೋಗುವ ಗಳಿಗೆಯವರೆಗೂ ಕೊಬ್ಬು ಗಟ್ಟಿಯಾಗಿರಬೇಕು. ಬೆಣ್ಣೆಯು ಸುಮಾರು ೩೨ರಿಂದ ೩೫ ಡಿಗ್ರಿ ಸೆಲ್ಸಿಯಸ್ ಕಾವಿನಲ್ಲಿ ಕರಗಿಬಿಡುವುದು; ಅದಕ್ಕೂ ಬಹಳ ಮೊದಲೇ ಮೆತ್ತಗಾಗುವುದು. ಬೇಕರಿಯ ಕೊಬ್ಬು ಇನ್ನೂ ಕೊಂಚ ತಾಳಿಕೊಳ್ಳುವುದು, ಅಷ್ಟೆ.

ಈಗ ಸೋದರಿಯ ಪೊಟ್ಟಣದ ಪ್ರಯಾಣವನ್ನು ನೋಡೋಣ. ಮೈಸೂರಿನಿಂದ ಹಂಗಳಕ್ಕೆ ಸುಮಾರು ೭೦ ಕಿಲೋಮೀಟರ್ ದಾರಿ. ಬಸ್ಸಿನಲ್ಲಿ ಅಷ್ಟು ಹೊತ್ತು ಚೀಲದಲ್ಲಿ ಕುಳಿತ ಹಾಳೆಗಳ ಕೊಬ್ಬು ಮೆತ್ತಗಾಗಿ ಕಣಕದೊಳಗೆ ಇಂಗಿರಬೇಕು. ಅದನ್ನು ಮತ್ತೆ ಹಿಮಗಟ್ಟಿಸಿದರೆ ಗಟ್ಟಿಯಾಗುವುದೇನೋ ನಿಜ, ಆದರೆ ಹೋದ ಎಳೆಗಳು ಮರಳಿ ಬಾರವು. ಅದರ ಮೇಲೆ ಬಿಸಿಯಾದ ಪಲ್ಯವನ್ನು ತುಂಬಿದ್ದಾಯಿತು. ಅಳಿದುಳಿದ ಎಳೆಗಳೂ ಕರಗಿದುವು. ಓವನ್ ಮೊದಲೇ ಚೆನ್ನಾಗಿ ಕಾದಿರದಿದ್ದರೆ ಆವಿ ಏಳುವ ಮುನ್ನ ಕೊಬ್ಬು ಹರಿದುಹೋಗುವುದು ಖಂಡಿತ. ತಟ್ಟೆಯಲ್ಲಿ ನಿಂತ ಜಿಡ್ಡು ಅದೇ. ದೋಷವು ಕೊಂಡ ಕಣಕದ್ದಲ್ಲ, ಕಾವಿನದು.

ತರುವ ಕ್ರಮ, ಇಡುವ ಕ್ರಮ

ಪಟ್ಟಣಕ್ಕೆ ಹೋದವರು ಇತರ ಕೆಲಸಗಳನ್ನೆಲ್ಲ ಮುಗಿಸಿ ಕಟ್ಟಕಡೆಯಲ್ಲಿ ಈ ಪೊಟ್ಟಣವನ್ನು ಕೊಳ್ಳತಕ್ಕದ್ದು. ನಾಲ್ಕೈದು ಪದರ ವೃತ್ತಪತ್ರಿಕೆಯಲ್ಲಿ ಸುತ್ತಿ, ಥರ್ಮೋಕೋಲ್ ಪೆಟ್ಟಿಗೆಯಲ್ಲಿಯೋ ದಪ್ಪ ಚೀಲದಲ್ಲಿಯೋ ಇಟ್ಟು, ಜೊತೆಗೆ ಹಿಮಗಟ್ಟಿಸಿದ ಎರಡು ನೀರಿನ ಶೀಸೆಗಳನ್ನು ಇಟ್ಟುಕೊಂಡರೆ ಎರಡು ಮೂರು ಗಂಟೆಯ ದಾರಿಗೆ ಸಾಕಾಗುವುದು. ಗುಂಡ್ಲುಪೇಟೆಯಲ್ಲಿ ಸಿಕ್ಕಿದರೆ ಇನ್ನೂ ಮೇಲು. ದಾರಿ ಅಷ್ಟು ಕಿರಿದಾಯಿತು. ಕೊಳ್ಳುವಾಗ ಪೊಟ್ಟಣವನ್ನು ಒತ್ತಿ ನೋಡಿರಿ. ಕಲ್ಲಿನಂತೆ ಗಟ್ಟಿಯಾಗಿರಬೇಕು. ಒಳಗೆ ಹಿಮದ ಹರಳುಗಳು ಕಟ್ಟಿದ್ದರೆ, ಹಾಳೆಗಳು ಒಂದಕ್ಕೊಂದು ಅಂಟಿ ಸೊಟ್ಟಗಿದ್ದರೆ, ಅಂಗಡಿಯಲ್ಲಿಯೇ ಒಮ್ಮೆ ಕರಗಿ ಮತ್ತೆ ಹೆಪ್ಪುಗಟ್ಟಿರಬಹುದು. ಅಂಥದನ್ನು ಬಿಡುವುದೇ ಲೇಸು.

ಮನೆಗೆ ತಂದೊಡನೆ ಫ್ರೀಜರಿನಲ್ಲಿಡಬೇಕು. ಇಂತಹ ಪದಾರ್ಥಗಳಿಗೆ ಹೇಳಿದ ಶೈತ್ಯವು ಸೊನ್ನೆಗಿಂತ ೧೮ ಡಿಗ್ರಿ ಕೆಳಗೆ. ವಿದ್ಯುತ್ತು ಆಗಾಗ ಹೋಗುವ ಊರುಗಳಲ್ಲಿ ಫ್ರೀಜರಿನ ಬಾಗಿಲನ್ನು ತೆರೆಯದಿದ್ದರೆ ಒಳಗಿನ ತಂಪು ಹಲವು ಗಂಟೆ ನಿಲ್ಲುವುದು. ತುಂಬಿದ ಫ್ರೀಜರು ಬರಿದಾದುದಕ್ಕಿಂತ ಹೆಚ್ಚು ಹೊತ್ತು ತಾಳುವುದು. ಆದರೂ ತಿಂಗಳುಗಟ್ಟಲೆ ಕೂಡಿಡುವ ಆಸೆ ಹಳ್ಳಿಯ ಮನೆಗೆ ತಕ್ಕುದಲ್ಲ. ಬೇಕಾದಾಗ ತಂದು ಒಂದೆರಡು ವಾರದೊಳಗೆ ಮುಗಿಸುವುದು ಜಾಣತನ. ಮಾಡುವ ಹಿಂದಿನ ರಾತ್ರಿ ಪೊಟ್ಟಣವನ್ನು ಫ್ರೀಜರಿನಿಂದ ಫ್ರಿಜ್ಜಿನ ಕೆಳಗಣ ಅಂತಸ್ತಿಗೆ ಇಳಿಸಿರಿ. ಬೆಳಿಗ್ಗೆ ಹಾಳೆ ಮುರಿಯದೆ ಬಾಗುವಷ್ಟು ಸಡಿಲವಾಗಿ, ಮುಟ್ಟಿದರೆ ತಣ್ಣಗಿದ್ದರೆ ಅದೇ ಹದ. ಕರಗಿಸಿದುದನ್ನು ಮತ್ತೆ ಹಿಮಗಟ್ಟಿಸಲಾಗದು.

ಪೊಟ್ಟಣದ ಬೆನ್ನನ್ನು ಓದುವುದು

ಅಂಗಡಿಯ ಕಣಕವನ್ನು ಕೊಳ್ಳುವವರು ಅದರ ಬೆನ್ನ ಮೇಲಿನ ಸಣ್ಣ ಅಕ್ಷರಗಳನ್ನು ಓದುವ ಅಭ್ಯಾಸವನ್ನು ಮಾಡಿಕೊಳ್ಳಲೇಬೇಕು. ಮೊದಲು ನೋಡತಕ್ಕದ್ದು ಕೊಬ್ಬಿನ ಹೆಸರು. ಬೆಣ್ಣೆಯೋ, ತಾಳೆ ಎಣ್ಣೆಯೋ, ವನಸ್ಪತಿಯೋ? ೧೯೩೭ರಲ್ಲಿ ಡಾಲ್ಡಾ ನಮ್ಮ ದೇಶದ ಪೇಟೆಗೆ ಬಂದಂದಿನಿಂದ ವನಸ್ಪತಿಯು ತುಪ್ಪದ ಬದಲಿಗೆ ನಿಂತು ಬೇಕರಿ, ಮಿಠಾಯಿ ಅಂಗಡಿಗಳಲ್ಲೆಲ್ಲ ಮನೆಮಾಡಿತು. ದ್ರವರೂಪದ ಎಣ್ಣೆಗೆ ಜಲಜನಕವನ್ನು ಅರೆಬರೆಯಾಗಿ ಸೇರಿಸಿ ಗಟ್ಟಿ ಮಾಡುವಾಗ ಟ್ರಾನ್ಸ್ ಕೊಬ್ಬು ಎಂಬ ಬಗೆಯ ಕೊಬ್ಬು ಹುಟ್ಟುವುದೆಂದೂ, ಅದು ರಕ್ತದಲ್ಲಿನ ಕೆಟ್ಟ ಕೊಲೆಸ್ಟರಾಲನ್ನು ಏರಿಸಿ ಒಳ್ಳೆಯದನ್ನು ಇಳಿಸಿ ಹೃದಯಕ್ಕೆ ಕೇಡುಮಾಡುವುದೆಂದೂ ವಿಜ್ಞಾನಿಗಳು ಬಹುಕಾಲದ ಬಳಿಕ ಕಂಡುಕೊಂಡರು. ನಮ್ಮ ದೇಶದ ಆಹಾರ ಸುರಕ್ಷತಾ ಪ್ರಾಧಿಕಾರವು ಎಣ್ಣೆ ಕೊಬ್ಬುಗಳಲ್ಲಿ ಇದರ ಮಿತಿಯನ್ನು ೨೦೨೧ರಲ್ಲಿ ನೂರಕ್ಕೆ ೩ಕ್ಕೂ, ೨೦೨೨ರ ಜನವರಿಯಿಂದ ನೂರಕ್ಕೆ ೨ಕ್ಕೂ ಇಳಿಸಿರುವುದು. ಪೊಟ್ಟಣದ ಮೇಲೆ ಈ ಅಂಕಿಯಿರುವುದು. ಅದು ಸೊನ್ನೆಯ ಹತ್ತಿರವಿದ್ದಷ್ಟೂ ಒಳ್ಳೆಯದು.

ಆದರೆ ಟ್ರಾನ್ಸ್ ಕೊಬ್ಬು ಇಲ್ಲವೆಂದ ಮಾತ್ರಕ್ಕೆ ಹಾಳೆಯು ಪಥ್ಯದ ಆಹಾರವಾಗದು. ಅದರ ತೂಕದಲ್ಲಿ ಹೆಚ್ಚುಕಡಮೆ ಕಾಲುಪಾಲು ಕೊಬ್ಬೇ. ಉಳಿದುದು ಬಹುಮಟ್ಟಿಗೆ ಮೈದಾ. ಹೀಗಿರುವಲ್ಲಿ ಪಫ್‌ಗಳನ್ನು ನಿತ್ಯದ ಸಂಜೆಯ ತಿಂಡಿಯಾಗಿ ಮಾಡಿಕೊಳ್ಳುವುದು ಸರಿಯಲ್ಲ. ಹುಟ್ಟುಹಬ್ಬ, ನೆಂಟರ ಬರವು, ಶಾಲೆಯ ಕೊನೆಯ ದಿನ ಇಂತಹ ಸಂದರ್ಭಗಳಿಗೆ ಇರಲಿ. ಮನೆಯಲ್ಲಿ ಮಾಡುವುದರ ಲಾಭವೆಂದರೆ ಹೂರಣದಲ್ಲಿ ಕಾಳು, ಕಾಯಿ, ಸೊಪ್ಪುಗಳನ್ನು ಹೆಚ್ಚಿಸಿ ಎಣ್ಣೆಯನ್ನು ತಗ್ಗಿಸುವುದು ನಮ್ಮ ಕೈಯಲ್ಲಿರುವುದು.

ಒಲೆಗೆ ತಕ್ಕ ಕಣಕ

ಪೇಟೆಯಲ್ಲಿ ದೊರೆಯುವ ಸಿದ್ಧ ಕಣಕಗಳು ಮುಖ್ಯವಾಗಿ ಮೂರು ಬಗೆ. ಒಂದನೆಯದು ಮೇಲೆ ಹೇಳಿದ ಪಫ್ ಹಾಳೆ. ಇದಕ್ಕೆ ಓವನ್ ಬೇಕೇ ಬೇಕು. ಎಣ್ಣೆಯಲ್ಲಿ ಕರಿದರೆ ಜಿಡ್ಡಿನ ಮೇಲೆ ಜಿಡ್ಡಾಗುವುದು. ಕಾವಲಿಯ ಮೇಲೆ ಇದು ಸರಿಯಾಗಿ ಉಬ್ಬುವುದಿಲ್ಲ.

ಎರಡನೆಯದು ಸಮೋಸದ ಪಟ್ಟಿ. ತೆಳುವಾದ ರೊಟ್ಟಿಗಳ ನಡುವೆ ಎಣ್ಣೆ ಸವರಿ ಹಿಟ್ಟು ಉದುರಿಸಿ ಒಂದರ ಮೇಲೊಂದಿಟ್ಟು ಲಟ್ಟಿಸಿ, ಕಾವಲಿಯಲ್ಲಿ ಅರೆಬೇಯಿಸಿ, ಬಿಡಿಸಿ ಕತ್ತರಿಸಿದ ಪಟ್ಟಿಗಳಿವು. ಚಲನಚಿತ್ರ ಮಂದಿರಗಳಲ್ಲಿಯೂ ರೈಲಿನಲ್ಲಿಯೂ ಮಾರುವ ಈರುಳ್ಳಿ ಸಮೋಸಗಳ ಗರಿಗರಿ ಹೊದಿಕೆ ಇದೇ. ಇದರಲ್ಲಿ ಕೊಬ್ಬು ಅತ್ಯಲ್ಪ, ಬಾಣಲೆಯೊಂದಿದ್ದರೆ ಸಾಕು.

ಮೂರನೆಯದು ಹಿಮಗಟ್ಟಿಸಿದ ಪರೋಟ. ಮಲಬಾರಿನ ಪರೋಟವೂ ಪಫ್ ಹಾಳೆಯ ದಾಯಾದಿಯೇ. ಕಣಕದ ಎಳೆಗಳ ನಡುವೆ ಜಿಡ್ಡನ್ನು ಸವರಿ ಸುರುಳಿ ಸುತ್ತಿ ಲಟ್ಟಿಸಿದ್ದು. ಕೇರಳದ ಗಡಿಗೆ ಅಂಟಿಕೊಂಡಿರುವ ಗುಂಡ್ಲುಪೇಟೆಯ ಸೀಮೆಯವರಿಗೆ ಇದರ ಪರಿಚಯ ಹೇಳಬೇಕಾದುದಿಲ್ಲ. ಓವನ್ ಇಲ್ಲದ ಮನೆಗೆ ನಾವು ಇದನ್ನೇ ಶಿಫಾರಸು ಮಾಡುತ್ತೇವೆ. ಆದರೆ ಕೊಳ್ಳುವಾಗ ಹಸಿಯ ಪರೋಟವನ್ನು ಆರಿಸಬೇಕು. ಅರೆಬೆಂದುದರ ಅಂಚುಗಳು ಒಂದಕ್ಕೊಂದು ಅಂಟುವುದಿಲ್ಲ.

ನಾಲ್ಕನೆಯ ದಾರಿಯೊಂದುಂಟು. ಬಿಡುವಿರುವ ದಿನ ಮೈದಾ ಗೋಧಿಹಿಟ್ಟುಗಳನ್ನು ಸಮಪಾಲು ಬೆರೆಸಿ ಕಲಸಿ, ಮೇಲೆ ಹೇಳಿದ ಕ್ರಮದಲ್ಲಿ ಸಮೋಸದ ಪಟ್ಟಿಗಳನ್ನು ನೀವೇ ಮಾಡಿ, ಆರಿದ ಮೇಲೆ ಬಿಗಿಯಾಗಿ ಸುತ್ತಿ ಫ್ರಿಜ್ಜಿನಲ್ಲಿಟ್ಟರೆ ಮೂರು ದಿನ ಕೆಡವು. ಸಿದ್ಧ ಕಣಕವೆಂದರೆ ಅಂಗಡಿಯದೇ ಆಗಬೇಕೆಂಬ ನಿಯಮವೇನೂ ಇಲ್ಲವಷ್ಟೆ.

ಹೂರಣಗಳು

ಇನ್ನು ಹೂರಣದ ಮಾತು. ಇಲ್ಲಿ ಹಂಗಳದ ಸೀಮೆಯವರು ಪಟ್ಟಣದವರಿಗಿಂತ ಭಾಗ್ಯವಂತರು. ಈರುಳ್ಳಿ, ಅವರೆ, ಬಾಳೆ, ಎಲೆಕೋಸು, ಅರಿಶಿನ ಮೊದಲಾದುವೆಲ್ಲ ಗುಂಡ್ಲುಪೇಟೆ ತಾಲ್ಲೂಕಿನ ಹೊಲಗಳಲ್ಲಿಯೇ ಬೆಳೆಯುವುವು. ಇಲ್ಲಿಯ ತರಕಾರಿ ಗಡಿ ದಾಟಿ ಕೇರಳದ ಪೇಟೆಗಳಿಗೆ ಹೋಗುವುದು. ಹೀಗಿರಲು ಎಲ್ಲಿಯೂ ಸಿಕ್ಕುವ ಆಲೂಗಡ್ಡೆಯ ಪಲ್ಯಕ್ಕೇ ಏಕೆ ಕಟ್ಟುಬೀಳಬೇಕು?

ಎಲ್ಲ ಹೂರಣಗಳಿಗೂ ಒಂದೇ ಶಾಸನ: ಒಣಗಿರಬೇಕು, ಆರಿರಬೇಕು. ಬಾಣಲೆಯಲ್ಲಿ ಸೌಟಿನಿಂದ ಗೆರೆ ಎಳೆದರೆ ಆ ಗೆರೆಯೊಳಗೆ ನೀರು ಒಸರಬಾರದು. ಒಲೆಯಿಂದ ಇಳಿಸಿದ ಮೇಲೆ ಅಗಲವಾದ ತಟ್ಟೆಯಲ್ಲಿ ಹರಡಿ ಪೂರ್ಣವಾಗಿ ತಣಿಸತಕ್ಕದ್ದು.

ಅವರೆಯ ಹೂರಣ (ಹನ್ನೆರಡು ಪಫ್‌ಗಳಿಗೆ): ಮಾರ್ಗಶಿರ ಪುಷ್ಯಗಳಲ್ಲಿ ಸೊಗಡಿನ ಅವರೆ ಬಂದಾಗ ಇದು ಸರ್ವೋತ್ತಮ. ಹಿಸುಕಿದ ಅವರೆಬೇಳೆ ೩೦೦ ಗ್ರಾಮನ್ನು ಉಪ್ಪು ಹಾಕಿ ಮೆತ್ತಗೆ, ಆದರೆ ಕರಗದಂತೆ ಬೇಯಿಸಿ ನೀರನ್ನು ಬಸಿಯಿರಿ. ಆ ನೀರನ್ನು ಚೆಲ್ಲದೆ ಸಾರಿಗೆ ಉಪಯೋಗಿಸಬಹುದು. ಎರಡು ಚಮಚ ಎಣ್ಣೆಯಲ್ಲಿ ಸಾಸಿವೆ, ಇಂಗು, ಕರಿಬೇವು ಹಾಕಿ, ಸಣ್ಣಗೆ ಹೆಚ್ಚಿದ ಸಾಂಬಾರು ಈರುಳ್ಳಿ ೨೦೦ ಗ್ರಾಮನ್ನು ಕೆಂಪಗಾಗುವ ತನಕ ಬಾಡಿಸಿರಿ. ಜಜ್ಜಿದ ಶುಂಠಿ, ನಾಲ್ಕು ಹಸಿಮೆಣಸಿನಕಾಯಿ, ಒಂದು ಹಿಡಿ ಸಬ್ಬಸಿಗೆ ಸೊಪ್ಪು, ಚಿಟಿಕೆ ಅರಿಶಿನ ಸೇರಿಸಿ, ಕಡೆಯಲ್ಲಿ ಅವರೆಯನ್ನು ಹಾಕಿ ಅರೆಬರೆಯಾಗಿ ಮಸೆಯಿರಿ. ಇನ್ನೂ ತೇವವೆನಿಸಿದರೆ ಹುರಿಗಡಲೆಯ ಪುಡಿ ಎರಡು ಚಮಚ ಬೆರೆಸಿದರೆ ತೇವವನ್ನು ಹೀರುವುದು. ತೆಂಗಿನತುರಿ ಹಾಕುವುದಾದರೆ ಬಾಣಲೆಯಲ್ಲಿ ಹುರಿದು ಹಾಕತಕ್ಕದ್ದು.

ಬಾಳೆಕಾಯಿಯ ಹೂರಣ (ಹತ್ತು ಪರೋಟಗಳಿಗೆ): ನಾಲ್ಕು ಬಾಳೆಕಾಯಿಗಳನ್ನು ಸಿಪ್ಪೆಯೊಡನೆಯೇ ಅರ್ಧಕ್ಕೆ ಕತ್ತರಿಸಿ ಹದಿನೈದು ನಿಮಿಷ ಬೇಯಿಸಿ, ಆರಿದ ಮೇಲೆ ಸುಲಿದು ತುರಿಯಿರಿ. ಸಾಸಿವೆ, ಉದ್ದಿನಬೇಳೆ, ಕರಿಬೇವು, ಹಸಿಮೆಣಸು, ಶುಂಠಿಗಳ ಒಗ್ಗರಣೆಗೆ ಇದನ್ನು ಹಾಕಿ, ಉಪ್ಪು ಅರಿಶಿನ ಸೇರಿಸಿ ಕೆದಕಿ, ಇಳಿಸಿದ ಬಳಿಕ ಅರ್ಧ ನಿಂಬೆಯ ರಸ ಹಿಂಡಿರಿ. ಬಾಳೆಕಾಯಿಯು ಸಹಜವಾಗಿಯೇ ಒಣಗಲಾದುದರಿಂದ ಹೊಸದಾಗಿ ಕೈಹಾಕುವವರಿಗೆ ಇದು ನಂಬುಗೆಯ ಹೂರಣ.

ಈರುಳ್ಳಿಯ ಹೂರಣ (ಇಪ್ಪತ್ತು ಸಮೋಸಗಳಿಗೆ): ಇದನ್ನು ಬೇಯಿಸುವುದೇ ಇಲ್ಲ. ಅರ್ಧ ಕಿಲೋ ಈರುಳ್ಳಿಯನ್ನು ತೆಳ್ಳಗೆ ಸೀಳಿ, ೭೫ ಗ್ರಾಂ ತೆಳು ಅವಲಕ್ಕಿಯನ್ನು ನೆನೆಸದೆ ಒಣಗಿರುವಂತೆಯೇ ಬೆರೆಸಿರಿ. ಮೆಣಸಿನಪುಡಿ, ಜೀರಿಗೆ, ಹೆಚ್ಚಿದ ಕೊತ್ತಂಬರಿ ಸೇರಿಸಿರಿ. ಉಪ್ಪನ್ನು ಮಾತ್ರ ತುಂಬುವ ಗಳಿಗೆಯಲ್ಲಿಯೇ ಹಾಕತಕ್ಕದ್ದು. ಉಪ್ಪು ಬಿದ್ದ ಈರುಳ್ಳಿ ನೀರು ಬಿಡುವುದು. ಆ ನೀರನ್ನು ಹೀರಿಕೊಳ್ಳುವುದಕ್ಕೆಂದೇ ಅವಲಕ್ಕಿಯನ್ನು ಸೇರಿಸುವುದು.

ತುಂಬುವುದು, ಬೇಯಿಸುವುದು

ಪಫ್‌ಗೆ: ಓವನ್ನನ್ನು ೨೦೦ ಡಿಗ್ರಿಗೆ ಇಟ್ಟು ಹದಿನೈದು ನಿಮಿಷ ಮೊದಲೇ ಕಾಯಿಸಿರಿ. ತಣ್ಣಗಿರುವ ಹಾಳೆಯನ್ನು ಹರಿತವಾದ ಚಾಕುವಿನಿಂದ ಮೇಲಿನಿಂದ ನೇರವಾಗಿ ಒತ್ತಿ, ಅಂಗೈಯಗಲದ ಚೌಕಗಳಾಗಿ ಕತ್ತರಿಸಿರಿ. ಮೊಂಡು ಚಾಕುವಿನಿಂದ ಎಳೆದರೆ ಅಂಚಿನ ಎಳೆಗಳು ಅಂಟಿಕೊಂಡು ಏಳಲಾರವು. ನಡುವೆ ಎರಡು ಚಮಚ ಹೂರಣವಿಟ್ಟು, ಒಳಅಂಚಿಗೆ ಮಾತ್ರ ನೀರು ಸವರಿ, ಮಡಿಸಿ ಮೆಲ್ಲನೆ ಒತ್ತಿರಿ. ಮೇಲ್ಭಾಗಕ್ಕೆ ಹಾಲನ್ನು ಸವರಿದರೆ ಹೊಂಬಣ್ಣ ಬರುವುದು. ಕತ್ತರಿಸಿದ ಪಕ್ಕಗಳಿಗೆ ಹಾಲು ಇಳಿಯಬಾರದು. ಆವಿ ಹೋಗಲು ಮೇಲೊಂದು ಸಣ್ಣ ಸೀಳು ಮಾಡಿರಿ. ಕೋಣೆ ಬೆಚ್ಚಗಿದ್ದರೆ ತುಂಬಿದ ತಟ್ಟೆಯನ್ನು ಹತ್ತು ನಿಮಿಷ ಫ್ರೀಜರಿನಲ್ಲಿಟ್ಟು, ಅಲ್ಲಿಂದ ನೇರವಾಗಿ ಓವನ್ನಿಗೆ ಕೊಂಡೊಯ್ಯಿರಿ. ಇಪ್ಪತ್ತರಿಂದ ಇಪ್ಪತ್ತೈದು ನಿಮಿಷ ಬೇಕು. ಮೊದಲ ಹದಿನೈದು ನಿಮಿಷ ಬಾಗಿಲನ್ನು ತೆರೆಯಬೇಡಿರಿ; ಕಾವು ಕುಸಿದರೆ ಪಫ್ ಕುಸಿಯುವುದು. ಬಣ್ಣ ಬಂದಿತೆಂದು ಅವಸರದಿಂದ ತೆಗೆಯದೆ, ಒಂದನ್ನು ಎತ್ತಿ ತಳ ಒಣಗಿದೆಯೇ ಎಂದು ನೋಡಿರಿ. ವಿದ್ಯುತ್ತು ಸ್ಥಿರವಾಗಿರುವ ಹೊತ್ತನ್ನು ಆರಿಸಿಕೊಳ್ಳಬೇಕೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಪರೋಟಕ್ಕೆ: ಹಿಮಗಟ್ಟಿದ ಪರೋಟವು ಐದಾರು ನಿಮಿಷದಲ್ಲಿ ಬಾಗುವಷ್ಟು ಸಡಿಲವಾಗುವುದು. ಒಂದು ಅರ್ಧದ ಮೇಲೆ ಹೂರಣವಿಟ್ಟು, ಅಂಚಿಗೆ ನೀರು ಸವರಿ, ಇನ್ನರ್ಧವನ್ನು ಮಡಿಸಿ, ಕರ್ಜಿಕಾಯಿಯಂತೆ ಅಂಚನ್ನು ಮುರಿಯಿರಿ ಅಥವಾ ಮುಳ್ಳುಚಮಚದಿಂದ ಒತ್ತಿರಿ. ದಪ್ಪ ಕಾವಲಿಯನ್ನು ಕಾಯಿಸಿ, ಉರಿಯನ್ನು ಸಣ್ಣದು ಮಾಡಿ, ಮುಚ್ಚಳ ಮುಚ್ಚಿ ಒಂದೊಂದು ಮಗ್ಗುಲನ್ನೂ ಐದಾರು ನಿಮಿಷ ಬೇಯಿಸಿರಿ. ಕಡೆಯ ಎರಡು ನಿಮಿಷ ಮುಚ್ಚಳವನ್ನು ತೆಗೆದರೆ ಗರಿಗರಿಯಾಗುವುದು. ಬೇರೆ ಎಣ್ಣೆ ಬೇಡ. ಪರೋಟದ ಜಿಡ್ಡೇ ಸಾಕು.

ಸಮೋಸಕ್ಕೆ: ಪಟ್ಟಿಗಳನ್ನು ಒದ್ದೆಬಟ್ಟೆಯ ಕೆಳಗಿಟ್ಟು ಒಂದೊಂದನ್ನೇ ಹೊರತೆಗೆಯಿರಿ, ಗಾಳಿಗೆ ಒಣಗಿದರೆ ಮಡಿಸುವಾಗ ಮುರಿಯುವುವು. ತುದಿಯನ್ನು ಮುಮ್ಮೂಲೆಯಾಗಿ ಮಡಿಸಿ ಜೋಳಿಗೆ ಮಾಡಿ, ಹೂರಣವನ್ನು ಇಕ್ಕಟ್ಟಾಗದಂತೆ ತುಂಬಿ, ಮಿಕ್ಕ ಪಟ್ಟಿಯನ್ನು ಸುತ್ತಿ, ಮೈದಾ ನೀರಿನ ಅಂಟಿನಿಂದ ಮೂಲೆಗಳನ್ನು ಮುಚ್ಚಿರಿ. ಮೂಲೆಯಲ್ಲಿ ಸೂಜಿಮೊನೆಯಷ್ಟು ಕಂಡಿ ಉಳಿದರೂ ಅದರ ಮೂಲಕ ಎಣ್ಣೆ ಒಳಗೆ ನುಗ್ಗುವುದು. ಎಣ್ಣೆಗೆ ಪಟ್ಟಿಯ ಚೂರೊಂದನ್ನು ಹಾಕಿದರೆ ಅದು ಕ್ಷಣ ತಳಕಂಡು ಮೇಲೇಳಬೇಕು. ಹಾಕಿದೊಡನೆ ಕೆಂಪಾದರೆ ಕಾವು ಹೆಚ್ಚು. ನಡುವುರಿಯಲ್ಲಿ ಹೊಂಬಣ್ಣ ಬರುವವರೆಗೆ ಕರಿದು, ನಿಲ್ಲಿಸಿ ಎಣ್ಣೆ ಬಸಿಯಿರಿ.

ಮಾಡಿದುದನ್ನು ಅಂದೇ ತಿನ್ನುವುದು ಮೇಲು. ಕಾಳು ತರಕಾರಿಗಳ ಹೂರಣವು ಬೆಚ್ಚನೆಯ ಹವೆಯಲ್ಲಿ ಬೇಗ ಹಳಸುವುದು. ಮಧ್ಯಾಹ್ನ ಮಾಡಿದುದನ್ನು ಮರುದಿನ ಮಕ್ಕಳ ಬುತ್ತಿಗೆ ಹಾಕುವ ಮನಸ್ಸಿದ್ದರೆ, ಆರಿದೊಡನೆ ಫ್ರಿಜ್ಜಿನಲ್ಲಿಟ್ಟು, ಬೆಳಿಗ್ಗೆ ಓವನ್ನಿನಲ್ಲಿಯೋ ಕಾವಲಿಯ ಮೇಲೆಯೋ ಚೆನ್ನಾಗಿ ಬಿಸಿಮಾಡಿ ಕೊಡಿರಿ. ಮಿಕ್ಕ ಹಾಳೆಯ ಚೂರುಗಳನ್ನು ಉಂಡೆ ಮಾಡಿ ಕಲಸಬಾರದು, ಎಳೆಗಳು ನಾಶವಾಗುವುವು. ಒಂದರ ಮೇಲೊಂದಿಟ್ಟು ಒತ್ತಿ, ಜೀರಿಗೆ ಮೆಣಸಿನಪುಡಿ ಉದುರಿಸಿ ಕಡ್ಡಿಗಳಾಗಿ ಬೇಯಿಸಿದರೆ ಚಹದ ಜೊತೆಗೆ ಚೆನ್ನಾಗಿರುವುದು.

ಮನೆಯ ಹಿರಿಯರಿಗೂ ಒಂದು ಮಾತನ್ನು ವಿನಯಪೂರ್ವಕವಾಗಿ ಅರಿಕೆಮಾಡುತ್ತೇವೆ. ಅರ್ಧ ದಿನದ ಕಣಕದ ಕೆಲಸವು ಸೊಸೆಗೆ ತಪ್ಪಿದರೆ ಆ ಅರ್ಧ ದಿನಕ್ಕೆ ಬೇರೊಂದು ಕೆಲಸವನ್ನು ಹುಡುಕಬೇಡಿರಿ. ಅಂಚು ಮುರಿಯುವ ಹಳೆಯ ಕೈಚಳಕ ಈಗಲೂ ಬೇಕಾಗಿದೆ. ಕರ್ಜಿಕಾಯಿಗೆ ನೀವು ಹಾಕುತ್ತಿದ್ದ ಜಡೆಯಂಚನ್ನು ಯಾವ ಅಂಗಡಿಯ ಪೊಟ್ಟಣವೂ ಕಲಿಸಲಾರದು. ಮಣೆಯ ಬಳಿ ಕುಳಿತು ಮೊಮ್ಮಗಳಿಗೆ ಅದನ್ನು ತೋರಿಸಿಕೊಡಿರಿ.